ಆರೇಯಲ್ಲಿ ಎಂಟು ಕಾಲಿನವರು

ಗೋರೆಗಾಂವ್ ಪೂರ್ವದಲ್ಲಿ ಹೆದ್ದಾರಿ ಬಿಟ್ಟು ಪವಯಿ ಕಡೆಗೆ ಹೋಗುವ ಒಳದಾರಿ ಹಿಡಿದರೆ ಎರಡೇ ನಿಮಿಷದಲ್ಲಿ ಹಾರ್ನ್‌ಗಳ ಸದ್ದು ಕಡಿಮೆಯಾಗುತ್ತದೆ. ರಸ್ತೆಯ ಎರಡೂ ಬದಿಗೆ ಮರ, ಮರದ ಹಿಂದೆ ಹುಲ್ಲು, ಹುಲ್ಲಿನ ಆಚೆ ಎಮ್ಮೆಗಳ ವಾಸನೆ. ಇದು ಆರೇ ಕಾಲನಿ. ಮುಂಬಯಿಗೆ ಹೊಸದಾಗಿ ಬಂದ ಕನ್ನಡಿಗರಿಗೆ ಈ ಹೆಸರು ಕೇಳಿದರೆ ಒಂದು ಲೆಕ್ಕ ಕೇಳಿಸುತ್ತದೆ. ಆರಲ್ಲ, ಆರೇ! ಆರಕ್ಕಿಂತ ಒಂದೂ ಹೆಚ್ಚಿಲ್ಲ ಅನ್ನುವ ಹಾಗೆ. ನಾವು ಅಲ್ಲಿಗೆ ಹೋಗುವುದು ಮಾತ್ರ ಎಂಟನ್ನು ಹುಡುಕಿಕೊಂಡು. ಎಂಟು ಕಾಲಿನ ಜೇಡಗಳನ್ನು ನೋಡಲು ಮುಂಬಯಿಯಲ್ಲಿ ಇದಕ್ಕಿಂತ ಒಳ್ಳೆಯ ಜಾಗ ನನಗೆ ಗೊತ್ತಿಲ್ಲ.

ಆರೇ ಕಾಡಾಗಲೆಂದು ಮಾಡಿದ ಜಾಗವಲ್ಲ. ಊರೊಳಗಿನ ಎಮ್ಮೆ ಕೊಟ್ಟಿಗೆಗಳನ್ನೆಲ್ಲ ಒಂದೆಡೆ ತಂದು, ಮುಂಬಯಿಗೆ ಶುದ್ಧ ಹಾಲು ಕೊಡಬೇಕೆಂದು 1949ರಲ್ಲಿ ದಾರಾ ಖುರೋಡಿಯವರ ಮುಂದಾಳತ್ವದಲ್ಲಿ ಶುರುವಾದ ಹಾಲಿನ ಕಾಲನಿ ಇದು. ಸುಮಾರು 1,287 ಹೆಕ್ಟೇರ್ ಜಾಗ. ಮುಂದೆ ಖುರೋಡಿಯವರಿಗೆ ವರ್ಗೀಸ್ ಕುರಿಯನ್, ತ್ರಿಭುವನದಾಸ್ ಪಟೇಲ್ ಅವರ ಜೊತೆಗೆ 1963ರ ಮ್ಯಾಗ್ಸೇಸೆ ಪ್ರಶಸ್ತಿ ಬಂತು. ಕೊಟ್ಟಿಗೆಗಳು ಇವತ್ತೂ ಇವೆ. ಅವುಗಳ ನಡುವೆ ವಾರ್ಲಿ ಜನರ ಪಾಡಾಗಳಿವೆ. ಮೇವಿಗೆ ಬೆಳೆಸುವ ಹುಲ್ಲಿದೆ. ಉತ್ತರಕ್ಕೆ ಸಂಜಯ್ ಗಾಂಧಿ ರಾಷ್ಟ್ರೀಯ ಉದ್ಯಾನದ ನೂರು ಚದರ ಕಿಲೋಮೀಟರಿಗೂ ಮೀರಿದ ಕಾಡು ಅಂಟಿಕೊಂಡಿದೆ. ಅಲ್ಲಿಂದ ಚಿರತೆ ಇಲ್ಲಿಗೆ ಬರುತ್ತದೆ, ಇಲ್ಲಿಂದ ಅಲ್ಲಿಗೆ ಹೋಗುತ್ತದೆ. ಟಿವಿಯಲ್ಲಿ ಆರೇ ಎಂದರೆ ಚಿರತೆ. ನಡೆದು ನೋಡಿದರೆ ಆರೇ ಎಂದರೆ ಹುಲ್ಲಿನ ಎಸಳು ಎಸಳಿಗೂ ಒಬ್ಬ ಬಾಡಿಗೆದಾರ.

ಹೋಗಲು ಸರಿಯಾದ ಕಾಲ ಮಳೆಗಾಲದ ಕೊನೆ. ಸೆಪ್ಟೆಂಬರ್ ಮುಗಿಯುತ್ತ ಬಂದು ಅಕ್ಟೋಬರಿನ ಸೆಕೆ ಇನ್ನೂ ಪೂರ್ತಿ ಏರದ ದಿನಗಳು. ಅಷ್ಟು ಹೊತ್ತಿಗೆ ಮಳೆಯಲ್ಲಿ ಹುಟ್ಟಿದ ಹುಳಗಳೆಲ್ಲ ಬೆಳೆದಿರುತ್ತವೆ, ಅವನ್ನು ತಿನ್ನುವವೂ ಬೆಳೆದಿರುತ್ತವೆ. ಭಾನುವಾರ ಬೆಳಿಗ್ಗೆ ಏಳಕ್ಕೆ ಹೊರಟರೆ ಬಲೆಗಳ ಮೇಲೆ ಇಬ್ಬನಿ ಇರುತ್ತದೆ. ಹಿಂದಿನ ದಿನ ಕಾಣದೇ ಇದ್ದ ನೂರಾರು ಬಲೆಗಳು ಆ ಒಂದು ಗಂಟೆ ಮಾತ್ರ ಬಿಳಿ ಕರವಸ್ತ್ರ ಹಾಸಿದ ಹಾಗೆ ಕಾಣಿಸುತ್ತವೆ. ಹುಲ್ಲಿನ ನಡುವೆ ಹಾಸಿದ ಆ ಬಲೆಯ ಒಂದು ಮೂಲೆಯಲ್ಲಿ ಆಲಿಕೆಯಂಥ ತೂತು, ತೂತಿನ ಬಾಯಲ್ಲಿ ಕಂದು ಜೇಡ. ಕಡ್ಡಿಯಿಂದ ಮೆಲ್ಲಗೆ ಮುಟ್ಟಿದರೆ ಹೊರಗೆ ಓಡಿಬರುತ್ತದೆ. ಬಂದದ್ದು ಊಟವಲ್ಲ, ಮನುಷ್ಯರು ಎಂದು ತಿಳಿದ ಕೂಡಲೇ ಅಷ್ಟೇ ವೇಗವಾಗಿ ಒಳಗೆ ಹೋಗುತ್ತದೆ.

ನಮ್ಮ ತಂಡಕ್ಕೆ ದಾರಿ ತೋರಿಸುತ್ತಿದ್ದವಳು ಇನ್ನೂ ಕಾಲೇಜಿನಲ್ಲಿ ಓದುವ ಮರಾಠಿ ಹುಡುಗಿ. ಹತ್ತು ಹೆಜ್ಜೆ ನಡೆಯುವಷ್ಟರಲ್ಲಿ ಕೂಗಿದಳು: "ಕೋಳೀ ಬಘಾ, ಕೋಳೀ!" ನನ್ನ ಒಂಬತ್ತು ವರ್ಷದ ಮಗಳು ನನ್ನ ಕೈ ಎಳೆದು ಕೇಳಿದಳು, "ಅಮ್ಮ, ಎಲ್ಲಿ ಕೋಳಿ?" ಶಾಲೆಯಲ್ಲಿ ಮರಾಠಿ ಕಲಿಯುತ್ತಾಳೆ, ಆದರೆ ಕೋಳಿ ಎಂದರೆ ಅವಳಿಗೆ ಇನ್ನೂ ತೀರ್ಥಹಳ್ಳಿಯ ಅಜ್ಜಿ ಮನೆಯ ಕೋಳಿಯೇ. ಮರಾಠಿಯಲ್ಲಿ ಆ ಶಬ್ದಕ್ಕೆ ಎರಡು ಅರ್ಥ. ಒಂದು, ಈ ಮುಂಬಯಿಯ ಮೂಲ ನಿವಾಸಿಗಳಾದ ಮೀನುಗಾರರು. ಕೋಳಿವಾಡ ಎಂಬ ಹೆಸರು ಬಂದದ್ದು ಅವರಿಂದ. ಇನ್ನೊಂದು, ಜೇಡ. ಇಬ್ಬರ ಕಸುಬೂ ಬಲೆ ಬೀಸುವುದು.

ನಮ್ಮಲ್ಲಿ ಜೇಡ ಮೀನುಗಾರನಲ್ಲ, ನೇಕಾರ. ಹಳಗನ್ನಡದಿಂದಲೂ ಜೇಡ ಎಂದರೆ ನೇಯುವವನು. ಜೇಡರ ದಾಸಿಮಯ್ಯನ ಹೆಸರಿನಲ್ಲಿರುವ ಜೇಡವೂ ಅದೇ. ತೆಲುಗಿನ ಸಾಲೆಪುರುಗು ಕೂಡ ನೇಕಾರ ಹುಳವೇ, ಸಾಲೆ ಎಂದರೆ ಅಲ್ಲಿ ನೇಕಾರ. ತಮಾಷೆಯೆಂದರೆ ನಮ್ಮ ನೇಕಾರ ನೇಯುವುದನ್ನು ನಾವು ಬಟ್ಟೆ ಅನ್ನುವುದಿಲ್ಲ, ಬಲೆ ಅನ್ನುತ್ತೇವೆ. ಅಲ್ಲಿಗೆ ಕನ್ನಡದ ನೇಕಾರನೂ ಮರಾಠಿಯ ಮೀನುಗಾರನೂ ಒಂದೇ ಕಡೆ ಬಂದು ಸೇರಿದ ಹಾಗಾಯಿತು. ಚೆನ್ನೈನಲ್ಲಿ ಮೂರು ವರ್ಷ ಕೆಲಸ ಮಾಡಿದ ನನಗೆ ಇಷ್ಟವಾದದ್ದು ಮಾತ್ರ ತಮಿಳರ ಆಡುಮಾತಿನ ಹೆಸರು: ಎಟ್ಟುಕ್ಕಾಲ್ ಪೂಚ್ಚಿ, ಎಂಟು ಕಾಲಿನ ಹುಳ. ಹೆಸರಿನ ಮೊದಲರ್ಧದಲ್ಲಿ ವಿಜ್ಞಾನ ಸರಿಯಾಗಿದೆ, ಎರಡನೆಯ ಅರ್ಧದಲ್ಲಿ ತಪ್ಪಿದೆ. ಎಂಟು ಕಾಲಿದ್ದರೆ ಅದು ಪೂಚ್ಚಿಯಲ್ಲ, ಅಂದರೆ ಕೀಟವಲ್ಲ. ಆದರೆ ತಮಿಳರನ್ನು ಮಾತ್ರ ದೂರುವುದು ಸರಿಯಲ್ಲ. ನಾವೂ ಜೇಡರ ಹುಳ ಅನ್ನುತ್ತೇವೆ. ಮರಾಠಿಯವರು ಮೊದಲ ಮಳೆಗೆ ನೆಲದಿಂದ ಏಳುವ ಕೆಂಪು ಮಖಮಲ್ಲಿನ ಉಂಡೆಯಂಥ ಜೀವಿಯನ್ನು ಮೃಗಾಚಾ ಕಿಡಾ ಅನ್ನುತ್ತಾರೆ. ಮೃಗಶಿರಾ ಮಳೆಯ ಕೀಟ ಎಂದರ್ಥ. ಅದಕ್ಕೂ ಎಂಟು ಕಾಲು, ಅದೂ ಕೀಟವಲ್ಲ. ನಮ್ಮ ಎಲ್ಲ ಭಾಷೆಗಳ ಹುಳಹುಪ್ಪಟೆಯ ಚೀಲ ಬಹಳ ದೊಡ್ಡದು.

ಆ ಚೀಲವನ್ನು ಬಿಚ್ಚಿ ಬೇರೆ ಬೇರೆ ಮಾಡುವುದು ಕಷ್ಟವೇನಲ್ಲ. ಕೀಟವೂ ಜೇಡವೂ ಒಂದೇ ದೊಡ್ಡ ಕುಟುಂಬದವು. ಇಬ್ಬರಿಗೂ ಒಳಗೆ ಮೂಳೆಯಿಲ್ಲ, ಹೊರಗೆ ಚಿಪ್ಪು. ಇಬ್ಬರ ಕಾಲಿಗೂ ಗಂಟು ಗಂಟು. ಅದಕ್ಕೇ ಈ ಕುಟುಂಬಕ್ಕೆ ಸಂಧಿಪದಿ ಎಂಬ ಹೆಸರು. ಅಲ್ಲಿಂದ ಮುಂದೆ ದಾರಿ ಬೇರೆ. ಕೀಟದ ಮೈ ಮೂರು ತುಂಡು: ತಲೆ, ಎದೆ, ಹೊಟ್ಟೆ. ಆರು ಕಾಲುಗಳೂ ಎದೆಗೆ ಅಂಟಿಕೊಂಡಿರುತ್ತವೆ, ರೆಕ್ಕೆಯಿದ್ದರೆ ಅವೂ ಅಲ್ಲಿಂದಲೇ. ತಲೆಯ ಮೇಲೆ ಒಂದು ಜೊತೆ ಕುಡಿಮೀಸೆ. ಕಣ್ಣು ಸಾಮಾನ್ಯವಾಗಿ ಸಾವಿರಾರು ಚಿಕ್ಕ ಕಣ್ಣುಗಳನ್ನು ಜೋಡಿಸಿದ ಸಂಯುಕ್ತ ಕಣ್ಣು. ಜೇಡದ ಮೈ ಎರಡೇ ತುಂಡು. ತಲೆ ಎದೆ ಸೇರಿ ಒಂದಾದ ಮುಂಭಾಗ, ಸಪೂರ ಸೊಂಟ, ಅದರಾಚೆ ಹೊಟ್ಟೆ. ಎಂಟು ಕಾಲು. ಕುಡಿಮೀಸೆಯೂ ಇಲ್ಲ, ರೆಕ್ಕೆಯೂ ಇಲ್ಲ. ಕಣ್ಣು ಹೆಚ್ಚಿನವಕ್ಕೆ ಎಂಟು, ಎಲ್ಲವೂ ಬಿಡಿ ಬಿಡಿ ಸಾದಾ ಕಣ್ಣು. ಬಾಯಿಯ ಪಕ್ಕದಲ್ಲಿ ಎರಡು ಗಿಡ್ಡ ಕೈಗಳಿರುತ್ತವೆ. ಅವನ್ನೂ ಕಾಲೆಂದು ಎಣಿಸಿದರೆ ಹತ್ತಾಗುತ್ತದೆ, ಎಚ್ಚರ. ಆ ಕೈಗಳ ತುದಿ ಬಾಕ್ಸಿಂಗ್ ಕೈಗವಸಿನ ಹಾಗೆ ಉಬ್ಬಿದ್ದರೆ ಅದು ಬೆಳೆದ ಗಂಡು. ಹೊಟ್ಟೆಯ ಕೊನೆಯಲ್ಲಿ ನೂಲು ಬಿಡುವ ಪುಟ್ಟ ಕೊಳವೆಗಳು.

ನಾನು ಸಾಫ್ಟ್‌ವೇರ್ ಕಂಪನಿಯಲ್ಲಿ ಟೆಸ್ಟಿಂಗ್ ಮಾಡುವವಳು. ಯಾರಾದರೂ ಒಂದು ನಿಯಮ ಹೇಳಿದರೆ ಅದು ಎಲ್ಲಿ ಮುರಿಯುತ್ತದೆ ಎಂದು ಹುಡುಕುವುದಕ್ಕೇ ನನಗೆ ಸಂಬಳ. ಆರೇಯಲ್ಲಿ ನಡೆಯುವಾಗ ಮಗಳಿಗೂ ನನಗೂ ಅದೇ ಆಟ. ಕಾಲು ಎಣಿಸು ಎಂಬ ನಿಯಮ ಎಲ್ಲೆಲ್ಲಿ ಕೈಕೊಡುತ್ತದೆ?

ಮೊದಲ ಪರೀಕ್ಷೆ ದಾರಿಬದಿಯ ಪೊದೆಯಲ್ಲೇ ಸಿಕ್ಕಿತು. ದುಂಡು ಬಲೆಯ ನಡುವೆ ಹಳದಿ ಪಟ್ಟೆಯ ಒಂದು ಜೇಡ ತಲೆ ಕೆಳಗಾಗಿ ಕೂತಿತ್ತು. ಎಣಿಸಿದರೆ ನಾಲ್ಕೇ ಕಾಲು! ಎರಡೆರಡು ಕಾಲನ್ನು ಒಟ್ಟಿಗೆ ಅಂಟಿಸಿಕೊಂಡು ಗುಣಾಕಾರ ಚಿಹ್ನೆಯ ಹಾಗೆ ಚಾಚಿಕೊಂಡಿತ್ತು. ಕಾಲು ಮುಗಿದಲ್ಲಿಂದ ಮುಂದಕ್ಕೆ ದಪ್ಪ ಬಿಳಿ ನೂಲಿನಲ್ಲಿ ಅಂಕುಡೊಂಕು ಗೀಚು. ಯಾರೋ ಅವಸರದಲ್ಲಿ ರುಜು ಹಾಕಿದ ಹಾಗಿರುವುದರಿಂದ ಇದಕ್ಕೆ ಸಿಗ್ನೇಚರ್ ಸ್ಪೈಡರ್ ಎಂದೇ ಹೆಸರು. ಆ ರುಜು ಏಕೆ ಎಂಬುದರ ಬಗ್ಗೆ ವಿಜ್ಞಾನಿಗಳಲ್ಲಿ ಇವತ್ತಿಗೂ ಒಮ್ಮತವಿಲ್ಲ. ಹುಳಗಳನ್ನು ಸೆಳೆಯಲು ಎನ್ನುವವರಿದ್ದಾರೆ, ಹಕ್ಕಿಗಳು ಬಲೆಗೆ ನುಗ್ಗಿ ಹರಿಯದಿರಲಿ ಎಂದು ಎನ್ನುವವರೂ ಇದ್ದಾರೆ.

ಎರಡನೆಯದು ಇನ್ನೂ ಗಟ್ಟಿ ಪರೀಕ್ಷೆ. ಮಾವಿನ ಮರದಲ್ಲಿ ಎಲೆಗಳನ್ನು ಹೊಲಿದು ಮಾಡಿದ ಚೆಂಡಿನಂಥ ಗೂಡು, ಅದರ ಸುತ್ತ ಕೆಂಪಿರುವೆಗಳ ಸಾಲು. ನಮ್ಮ ಮಲೆನಾಡಿನಲ್ಲಿ ಇದು ಚಗಳಿ. ಕಚ್ಚಿದರೆ ಕಣ್ಣಲ್ಲಿ ನೀರು, ಹುರಿದು ಚಟ್ನಿ ಅರೆದರೆ ಬಾಯಲ್ಲಿ ನೀರು. ಆ ಸಾಲಿನಿಂದ ಒಂದು ಗೇಣು ದೂರದಲ್ಲಿ ಒಂದೇ ಒಂದು ಚಗಳಿ ಎಲೆಯ ಮೇಲೆ ತಡವರಿಸುತ್ತ ಓಡಾಡುತ್ತಿತ್ತು. ಅದೇ ಬಣ್ಣ, ಅದೇ ಗಾತ್ರ, ಮೂರು ತುಂಡಿನ ಮೈ, ಮುಂದೆ ಅಲುಗುವ ಎರಡು ಮೀಸೆ, ಆರು ಕಾಲು. "ಎಲೆಗೆ ಮೆಲ್ಲಗೆ ತಟ್ಟಿ" ಎಂದಳು ಹುಡುಗಿ. ತಟ್ಟಿದರೆ ಅದು ಬೀಳಲಿಲ್ಲ. ಒಂದು ನೂಲಿಗೆ ಜೋತುಬಿದ್ದು ಗಾಳಿಯಲ್ಲಿ ನಿಂತಿತು! ಇರುವೆ ಎಲ್ಲಾದರೂ ಹಗ್ಗ ಕಟ್ಟಿಕೊಂಡು ತಿರುಗುತ್ತದೆಯೇ? ಅದು ಚಗಳಿ ವೇಷ ಹಾಕಿದ ಜಿಗಿಜೇಡ. ಮೀಸೆಯೆಂದು ಕಂಡದ್ದು ಮೇಲೆತ್ತಿ ಹಿಡಿದ ಮುಂದಿನ ಜೊತೆ ಕಾಲು. ಮೂರನೆಯ ತುಂಡೆಂದು ಕಂಡದ್ದು ಮುಂಭಾಗದಲ್ಲೇ ಇರುವ ಒಂದು ಇಕ್ಕಟ್ಟು. ಚಗಳಿಯ ತಂಟೆಗೆ ಹಕ್ಕಿಗಳೂ ಕಣಜಗಳೂ ಸುಲಭವಾಗಿ ಹೋಗುವುದಿಲ್ಲ. ಆ ಹೆದರಿಕೆಯ ನೆರಳಲ್ಲಿ ಇದರ ಬದುಕು. ಇದರ ಗಂಡಿಗಂತೂ ದವಡೆ ಉದ್ದಕ್ಕೆ ಮುಂದೆ ಚಾಚಿರುತ್ತದೆ, ಇರುವೆಯೊಂದು ಇನ್ನೊಂದು ಇರುವೆಯನ್ನು ಕಚ್ಚಿಕೊಂಡು ಹೋಗುತ್ತಿರುವ ಹಾಗೆ.

ನೂಲು ನೇಯುವುದು ಜೇಡದ ಗುರುತಲ್ಲವೇ ಎಂದು ಕೇಳಬಹುದು. ಅದೂ ಪೂರ್ತಿ ನಿಲ್ಲುವುದಿಲ್ಲ. ರಾಮನಗರದ ರೇಷ್ಮೆ ಮಾರುಕಟ್ಟೆ ನಿಂತಿರುವುದು ಒಂದು ಕೀಟದ ಎಳೆಯ ಮೇಲೆ. ಚಗಳಿಯ ಗೂಡನ್ನು ಹೊಲಿಯುವುದೂ ರೇಷ್ಮೆಯೇ. ದೊಡ್ಡ ಇರುವೆಗಳು ತಮ್ಮ ಮರಿಹುಳಗಳನ್ನು ಬಾಯಲ್ಲಿ ಕಚ್ಚಿ, ಅಂಟಿನ ಟ್ಯೂಬಿನ ಹಾಗೆ ಎಲೆಯಿಂದ ಎಲೆಗೆ ಆಡಿಸುತ್ತವೆ. ವ್ಯತ್ಯಾಸವೆಂದರೆ ರೇಷ್ಮೆಹುಳವೂ ಚಗಳಿ ಮರಿಯೂ ನೂಲು ಬಿಡುವುದು ಬಾಯಿಯ ಕಡೆಯಿಂದ, ಜೇಡ ಬಿಡುವುದು ಹಿಂಭಾಗದಿಂದ. ರೆಕ್ಕೆಯಿಲ್ಲದ್ದು ಹಾರುವುದಿಲ್ಲ ಎನ್ನುವ ಮಾತೂ ಹಾಗೆಯೇ. ಜೇಡದ ಮರಿಗಳು ಹುಲ್ಲಿನ ತುದಿಗೆ ಹತ್ತಿ, ಹೊಟ್ಟೆ ಮೇಲೆತ್ತಿ, ಗಾಳಿಗೆ ಎಳೆ ಬಿಟ್ಟು, ಆ ಎಳೆಯ ಜೊತೆ ತೇಲಿಹೋಗುತ್ತವೆ. ನೆಲದಿಂದ ಬಹಳ ದೂರದ ಹಡಗುಗಳ ಮೇಲೂ ಇವು ಬಂದು ಇಳಿದದ್ದುಂಟು. ಊರು ಬಿಟ್ಟು ಎಲ್ಲೋ ಇಳಿದು ಅಲ್ಲೇ ಮೂಲೆ ಹಿಡಿದು ಮನೆ ಕಟ್ಟುವ ಕಲೆ ಈ ಪತ್ರಿಕೆಯ ಓದುಗರಿಗೆ ವಿವರಿಸಬೇಕಿಲ್ಲ.

ಆ ದಿನದ ರಾಣಿ ಸಿಕ್ಕಿದ್ದು ಒಂದು ಪಾಡಾದ ಹಿಂದಿನ ಇಳಿಜಾರಿನಲ್ಲಿ. ಎರಡು ಮರಗಳ ನಡುವೆ ಕಟ್ಟಿದ, ನಾನು ಎರಡೂ ಕೈ ಚಾಚಿದರೆ ತಾಗುವಷ್ಟು ಅಗಲದ ಬಲೆ. ಬಿಸಿಲು ಬಿದ್ದಾಗ ಬಲೆಯ ನೂಲು ಬಂಗಾರದ ಬಣ್ಣ. ನಡುವೆ ಕಪ್ಪು ಹಳದಿ ಮೈಯ, ಕಾಲು ಸೇರಿ ನನ್ನ ಅಂಗೈಯಷ್ಟಿದ್ದ ದೈತ್ಯ ಮರಜೇಡ. ವಿಜ್ಞಾನಿಗಳ ಬಾಯಲ್ಲಿ ನೆಫಿಲಾ ಪಿಲಿಪೆಸ್. ಅಡಿಕೆ ತೋಟದಲ್ಲಿ ಬೆಳಿಗ್ಗೆ ಬೆಳಿಗ್ಗೆ ಮುಖಕ್ಕೆ ಬಲೆ ಮೆತ್ತಿಕೊಂಡು ಬೆಳೆದ ನನಗೆ ಇದು ಹಳೆಯ ಪರಿಚಯ. ಮಗಳಿಗೆ ಹೊಸತು. ಅವಳು ಬಹಳ ಹೊತ್ತು ನೋಡಿ, "ಅಮ್ಮ, ಇದರ ಬಲೆಯಲ್ಲಿ ಸೊಳ್ಳೆ ಕೂತಿದೆ, ಆದರೂ ಇದು ತಿನ್ನುತ್ತಿಲ್ಲ" ಎಂದಳು. ಸೊಳ್ಳೆಯೆಂದು ಅವಳು ತೋರಿಸಿದ್ದು ಅದರ ಗಂಡ! ಹೆಣ್ಣಿನ ಮೈ ಮೂರರಿಂದ ಐದು ಸೆಂಟಿಮೀಟರ್ ಇದ್ದರೆ ಗಂಡಿನದು ಅರ್ಧ ಸೆಂಟಿಮೀಟರಿನ ಆಸುಪಾಸು. ಎಣಿಸಿ ನೋಡಿದಳು. ಸರಿಯಾಗಿ ಎಂಟು ಕಾಲು.

ಜಗತ್ತಿನಲ್ಲಿ ಈವರೆಗೆ ಹೆಸರಿಟ್ಟ ಕೀಟಗಳು ಹತ್ತು ಲಕ್ಷಕ್ಕೂ ಹೆಚ್ಚು. ಜೇಡಗಳ ಪಟ್ಟಿ 2022ರಲ್ಲಿ 50,000 ದಾಟಿತು. ಆ ಪಟ್ಟಿಗೆ ಮುಂಬಯಿಯ ಸುತ್ತಮುತ್ತಲಿನಿಂದಲೂ ಹೆಸರುಗಳು ಸೇರುತ್ತಿವೆ. 2021ರಲ್ಲಿ ಥಾಣೆ ಕಲ್ಯಾಣ್ ಕಡೆ ಸಿಕ್ಕ ಒಂದು ಜಿಗಿಜೇಡಕ್ಕೆ ಇಸಿಯಸ್ ತುಕಾರಾಮಿ ಎಂದು ಹೆಸರಿಟ್ಟರು. 2008ರ ನವೆಂಬರ್ 26ರ ರಾತ್ರಿ ಗಿರಗಾಂವ್ ಚೌಪಾಟಿಯ ಹತ್ತಿರ ಗುಂಡೇಟು ತಿನ್ನುತ್ತಲೇ ಕಸಬ್‌ನ ಬಂದೂಕು ಬಿಡದೆ ಹಿಡಿದುಕೊಂಡು ಪ್ರಾಣ ಕೊಟ್ಟ ಪೊಲೀಸ್ ತುಕಾರಾಮ್ ಓಂಬಳೆ ಅವರ ನೆನಪಿಗೆ. ಆರೇಯ ಹೆಸರನ್ನೇ ಹೊತ್ತ ಒಂದು ಚೇಳು ಕೂಡ ಇದೆ, ಲೈಕಾಸ್ ಆರೆಯೆನ್ಸಿಸ್. ಚೇಳಿಗೂ ಎಂಟು ಕಾಲು, ಅದು ಜೇಡದ ದಾಯಾದಿ.

ಇಷ್ಟು ಕೋಟಿ ಜನರ ಊರಿನ ನಡುವೆ ಇನ್ನೂ ಹೆಸರಿಲ್ಲದ ಜೀವಿಗಳಿವೆ ಎಂದಾಗ, ಇದೇ ಆರೇಯಲ್ಲಿ 2019ರ ಅಕ್ಟೋಬರಿನಲ್ಲಿ ಮೆಟ್ರೋ ಕಾರ್ ಶೆಡ್ಡಿಗಾಗಿ ರಾತ್ರೋರಾತ್ರಿ 2,000ಕ್ಕೂ ಹೆಚ್ಚು ಮರ ಕಡಿದದ್ದು ನೆನಪಾಗದೇ ಇರುವುದಿಲ್ಲ. ಈಗ ಆ ಮೆಟ್ರೋ ಓಡುತ್ತಿದೆ. ನಾನು ವಾರಕ್ಕೆ ಮೂರು ದಿನ ಅದರಲ್ಲೇ ಕಚೇರಿಗೆ ಹೋಗುತ್ತೇನೆ. ಬಸ್ಸಿನಲ್ಲಿ ಒಂದೂವರೆ ಗಂಟೆ ಸುಟ್ಟುಕೊಂಡವರಿಗೆ ಅದರ ಬೆಲೆ ಗೊತ್ತು. ಹಾಗೆಂದು ಕಡಿದ ಮರದ ಲೆಕ್ಕ ಸೊನ್ನೆಯಾಗುವುದಿಲ್ಲ. ಆ ಮರಗಳ ತೊಗಟೆಯಲ್ಲಿ ಏನೇನಿತ್ತು ಎಂದು ಯಾರೂ ಪಟ್ಟಿ ಮಾಡಿರಲಿಲ್ಲ.

ಜೇಡ, ಕೀಟ ಎಂದು ಗುರುತಿಸುವುದು ಭಾನುವಾರದ ಹವ್ಯಾಸ ಮಾತ್ರ ಎಂದು ನಮ್ಮ ಕಡೆಯವರು ಹೇಳುವುದಿಲ್ಲ. ಶಿವಮೊಗ್ಗ ಜಿಲ್ಲೆಯಲ್ಲಿ ಕಾಡಿಗೆ ಸೊಪ್ಪಿಗೆ ಹೋಗಿ ಬಂದವರು ಮೊದಲು ಮಾಡುವ ಕೆಲಸ ಮೈ ಹುಡುಕಿಕೊಳ್ಳುವುದು. ಉಣುಗು ಹತ್ತಿದೆಯೇ ಎಂದು. ಕೆಲವರು ಉಣ್ಣೆ ಅನ್ನುತ್ತಾರೆ. 1957ರಲ್ಲಿ ಸೊರಬ ತಾಲೂಕಿನ ಕ್ಯಾಸನೂರು ಕಾಡಿನಲ್ಲಿ ಮಂಗಗಳು ಸಾಯತೊಡಗಿದಾಗ ಗೊತ್ತಾದ ಮಂಗನ ಕಾಯಿಲೆಯನ್ನು ಮನುಷ್ಯರಿಗೆ ದಾಟಿಸುವುದು ಇದೇ ಉಣುಗು. 2019ರ ಸುಮಾರಿಗೆ ಸಾಗರ ತಾಲೂಕಿನ ಅರಳಗೋಡಿನ ಸುತ್ತ ಹಲವರು ಅದರಿಂದ ತೀರಿಕೊಂಡರು. ಉಣುಗು ಜೇಡದ ಬಳಗದ್ದು. ಬೆಳೆದ ಉಣುಗಿಗೆ ಎಂಟು ಕಾಲು. ಆದರೆ ಮೊಟ್ಟೆಯಿಂದ ಹೊರಬಂದ ಮರಿಗೆ ಆರೇ ಕಾಲು! ಒಂದು ಸಲ ರಕ್ತ ಕುಡಿದು ಪೊರೆ ಬಿಟ್ಟ ಮೇಲೆ ಇನ್ನೊಂದು ಜೊತೆ ಕಾಲು ಬರುತ್ತದೆ. ಮನುಷ್ಯರಿಗೆ ಕಾಯಿಲೆ ಹೆಚ್ಚಾಗಿ ದಾಟುವುದು ಆ ನಡುವಿನ, ಸಾಸಿವೆಗಿಂತ ಚಿಕ್ಕದಾದ ಎಂಟು ಕಾಲಿನ ಮರಿಯಿಂದ. ಕಣ್ಣಿಗೆ ಕಾಣುವ ದೊಡ್ಡದಕ್ಕೆ ಹೆದರಿ ಕಾಣದ ಚಿಕ್ಕದನ್ನು ಬಿಟ್ಟರೆ ಏನಾಗುತ್ತದೆ ಎಂಬುದಕ್ಕೆ ನಮ್ಮೂರಿನ ಕಡೆ ಮನೆಮನೆಯಲ್ಲೂ ಉದಾಹರಣೆಯಿದೆ.

ಮುಂಬಯಿಯಲ್ಲಿ ಅದರ ಇನ್ನೊಂದು ರೂಪವನ್ನು ನಮ್ಮ ಸೊಸೈಟಿಯಲ್ಲೇ ಕಂಡೆ. ಹೋದ ಮಳೆಗಾಲದಲ್ಲಿ ನಮ್ಮ ವಿಂಗಿನ ಮೂವರಿಗೆ ಡೆಂಗ್ಯೂ ಆಯಿತು. ಮೂರನೆಯ ಮಹಡಿಯ ಮಂಗಳೂರಿನ ಅಕ್ಕನ ಮಗ, ಹತ್ತನೆಯ ತರಗತಿಯವನು, ನಾಲ್ಕು ದಿನ ಐಸಿಯುನಲ್ಲಿದ್ದ. ಅವನು ಮನೆಗೆ ಬಂದ ವಾರ ಸೊಸೈಟಿಯ ಮೀಟಿಂಗ್. ತಿಂಗಳಿಗೊಮ್ಮೆ ಇಡೀ ಕಟ್ಟಡದ ಗೋಡೆ, ಮೆಟ್ಟಿಲು, ಹೂಗಿಡ, ಕಾಂಪೌಂಡಿನ ಮರಗಳಿಗೆಲ್ಲ ಔಷಧ ಹೊಡೆಸುವ ಒಂದು ಕೊಟೇಶನ್ ಬಂದಿತ್ತು. ಯಾವುದನ್ನೆಲ್ಲ ಕೊಲ್ಲುತ್ತೇವೆ ಎಂಬ ಪಟ್ಟಿಯಲ್ಲಿ ಜಿರಳೆ, ಇರುವೆ, ಸೊಳ್ಳೆಯ ಜೊತೆ ಜೇಡವೂ ಇತ್ತು. ನಾನು ಎದ್ದು, ಜೇಡ ಸೊಳ್ಳೆಯನ್ನು ತಿನ್ನುವ ಬಳಗ, ಮೆಟ್ಟಿಲ ಮೂಲೆಯ ಉದ್ದಕಾಲಿನ ಜೇಡದ ಬಲೆಯಲ್ಲಿ ನೋಡಿದರೆ ಸೊಳ್ಳೆಯ ಕಾಲು ರೆಕ್ಕೆ ಕಾಣುತ್ತವೆ, ಅದನ್ನೇಕೆ ಪಟ್ಟಿಗೆ ಸೇರಿಸಬೇಕು ಎಂದೆ. ಅಕ್ಕ ನನ್ನ ಮುಖ ನೋಡಿದರು. "ನಿಮ್ಮ ಮಗಳು ಐಸಿಯುನಲ್ಲಿದ್ದಿದ್ದರೆ ಹೀಗೆ ಹೇಳ್ತಿದ್ರಾ?" ಎಂದರು. ಮೀಟಿಂಗಿನಲ್ಲಿ ಯಾರೂ ಮಾತಾಡಲಿಲ್ಲ. ಆ ಪ್ರಶ್ನೆಗೆ ನನ್ನಲ್ಲಿಯೂ ಉತ್ತರ ಇರಲಿಲ್ಲ. ಮಗನ ಪ್ಲೇಟ್‌ಲೆಟ್ ಎಣಿಕೆ ಇಳಿಯುವುದನ್ನು ನಾಲ್ಕು ದಿನ ಕಾದು ಕೂತ ತಾಯಿಗೆ ಜೇಡದ ಗುಣಗಾನ ಏಕೆ ಬೇಕು?

ಮರುದಿನ ಸಂಜೆ ಅವರ ಮನೆಗೆ ಹೋದೆ. ವಾದಕ್ಕಲ್ಲ, ಹುಡುಗನನ್ನು ಮಾತಾಡಿಸಲು. ಚಹಾ ಕುಡಿದ ಮೇಲೆ ಕೇಳಿದೆ, "ಅಕ್ಕ, ಬಾಲ್ಕನಿಯ ಕುಂಡಗಳನ್ನು ಒಮ್ಮೆ ನೋಡೋಣವಾ?" ತುಳಸಿ ಕುಂಡದ ಕೆಳಗಿನ ತಟ್ಟೆಯ ನೀರನ್ನು ಒಂದು ಬಿಳಿ ಬಟ್ಟಲಿಗೆ ಸುರಿದೆವು. ಏಳೆಂಟು ಮರಿಹುಳಗಳು ಕೊಂಕುತ್ತ ಮೇಲೆ ಕೆಳಗೆ ಓಡಾಡುತ್ತಿದ್ದವು. ಹುಡುಗ ಫೋನಿನ ಕ್ಯಾಮೆರಾ ಹಿಡಿದು ದೊಡ್ಡದು ಮಾಡಿ ನೋಡಿದ. ನನ್ನ ಮಗಳು ಪಕ್ಕದಲ್ಲಿ ನಿಂತು ಅಭ್ಯಾಸದಂತೆ ಎಣಿಸಲು ಹೋಗಿ, "ಕಾಲೇ ಇಲ್ಲ!" ಎಂದಳು. ನಿಜ. ಸೊಳ್ಳೆ ಆರು ಕಾಲಿನ ಕೀಟ, ಆದರೆ ಅದರ ಮರಿಗೆ ಒಂದೂ ಕಾಲಿಲ್ಲ. ಕಾಲೆಣಿಸುವ ನಿಯಮ ಬೆಳೆದವರಿಗೆ ಮಾತ್ರ. ಜೇಡದ ಮರಿ ಹುಟ್ಟುವಾಗಲೇ ಚಿಕ್ಕ ಜೇಡವಾಗಿ ಹುಟ್ಟುತ್ತದೆ. ಸೊಳ್ಳೆ, ಚಿಟ್ಟೆ, ಇರುವೆ, ಜೀರುಂಡೆಗಳು ಬೇರೆಯದೇ ರೂಪದಲ್ಲಿ ಹುಟ್ಟಿ, ಕೋಶವಾಗಿ, ಆಮೇಲೆ ನಾವು ಗುರುತಿಸುವ ರೂಪಕ್ಕೆ ಬರುತ್ತವೆ.

ಡೆಂಗ್ಯೂ ಹರಡುವ ಸೊಳ್ಳೆ ಮೊಟ್ಟೆ ಇಡುವುದು ಇಂಥ ನಿಂತ ಶುದ್ಧ ನೀರಿನ ಅಂಚಿಗೆ. ಮೊಟ್ಟೆಯಿಂದ ಹಾರುವ ಸೊಳ್ಳೆಯಾಗಲು ವಾರದಿಂದ ಹತ್ತು ದಿನ ಸಾಕು. ನೀರು ಚೆಲ್ಲಿದರೆ ಮಾತ್ರ ಸಾಲದು. ಅಂಚಿಗೆ ಅಂಟಿದ ಮೊಟ್ಟೆಗಳು ಒಣಗಿದ ತಟ್ಟೆಯಲ್ಲೂ ತಿಂಗಳುಗಟ್ಟಲೆ ಬದುಕಿದ್ದು, ಮತ್ತೆ ನೀರು ಬಿದ್ದಾಗ ಒಡೆಯುತ್ತವೆ. ಅದಕ್ಕೇ ತಟ್ಟೆಯನ್ನು ವಾರಕ್ಕೊಮ್ಮೆ ಉಜ್ಜಿ ತೊಳೆಯಬೇಕು. ತಿಂಗಳಿಗೊಮ್ಮೆ ಗೋಡೆಗೆ ಹೊಡೆಯುವ ಔಷಧ ಬಾಲ್ಕನಿಯ ಈ ತಟ್ಟೆಯನ್ನು ಮುಟ್ಟುವುದೇ ಇಲ್ಲ. ಗೋಡೆಯಲ್ಲಿ ಕೂತ ಜಿಗಿಜೇಡವನ್ನು ಮಾತ್ರ ಮುಟ್ಟುತ್ತದೆ. ಹಾಗೆಂದು ಜೇಡ ಸಾಕಿದರೆ ಡೆಂಗ್ಯೂ ಬರುವುದಿಲ್ಲ ಎಂದು ನಾನು ಹೇಳುವುದಿಲ್ಲ, ಅದು ಸುಳ್ಳು. ನಾಲ್ಕು ಸೊಳ್ಳೆ ತಿನ್ನುವ ಜೇಡ ನಲವತ್ತು ಸೊಳ್ಳೆ ಹುಟ್ಟಿಸುವ ತಟ್ಟೆಗೆ ಸಮವಲ್ಲ. ಯಾರನ್ನು ಹುಡುಕಬೇಕು, ಯಾರನ್ನು ಬಿಡಬೇಕು ಎಂದು ತಿಳಿದಿರಬೇಕು ಅಷ್ಟೆ.

ಸೊಸೈಟಿಯಲ್ಲಿ ಕೊನೆಗೆ ಆದದ್ದು ನಡುಮಧ್ಯದ ತೀರ್ಮಾನ. ಮರಗಿಡಗಳಿಗೆ ಔಷಧ ಬೇಡ, ಜಿರಳೆಗೆ ಒಳಚರಂಡಿಯ ಮುಚ್ಚಳಗಳ ಹತ್ತಿರ ಮಾತ್ರ. ಭಾನುವಾರ ಬೆಳಿಗ್ಗೆ ಪ್ರತಿ ಮಹಡಿಯ ಇಬ್ಬರು ಮಕ್ಕಳು ಮನೆಮನೆಗೆ ಹೋಗಿ ಕುಂಡ, ಡ್ರಮ್ಮು, ಫ್ರಿಡ್ಜಿನ ಹಿಂದಿನ ತಟ್ಟೆ ನೋಡುವುದು. ಮಕ್ಕಳ ಪಟ್ಟಿ ಇಟ್ಟುಕೊಳ್ಳುವ ಕೆಲಸವನ್ನು ಮಂಗಳೂರಿನ ಅಕ್ಕನೇ ತೆಗೆದುಕೊಂಡರು. ಮೆಟ್ಟಿಲ ಮೂಲೆಯ ಬಲೆಗಳನ್ನು ಮಾತ್ರ ಹಬ್ಬದ ಹಿಂದಿನ ದಿನ ಪೊರಕೆಯಿಂದ ಗುಡಿಸಿಯೇ ಗುಡಿಸುತ್ತಾರೆ. ಜೇಡಗಳು ಅದಕ್ಕೆ ಒಗ್ಗಿಕೊಂಡಿವೆ. ಎರಡು ದಿನ ಬಿಟ್ಟು ಅದೇ ಮೂಲೆಯಲ್ಲಿ ಮತ್ತೆ ನೂಲು ಕಾಣುತ್ತದೆ.

ಆರೇಗೆ ಹೋಗುವವರಿಗೆ ಕೊನೆಯದಾಗಿ ನಾಲ್ಕು ಮಾತು. ಗೋರೆಗಾಂವ್ ಸ್ಟೇಷನ್ನಿನ ಪೂರ್ವ ದಿಕ್ಕಿನಿಂದ ರಿಕ್ಷಾ ಸಿಗುತ್ತದೆ. ಬೆಳಕು ಹರಿದ ಮೇಲೆ ಹೋಗಿ, ಕತ್ತಲಾಗುವ ಮೊದಲು ಹಿಂದಿರುಗಿ, ಚಿರತೆಯ ಜಾಗ ಅದು. ಒಬ್ಬರೇ ಹೋಗುವುದಕ್ಕಿಂತ ನಿಸರ್ಗ ನಡಿಗೆ ನಡೆಸುವ ತಂಡದ ಜೊತೆ ಹೋದರೆ ಕಣ್ಣು ಬೇಗ ಪಳಗುತ್ತದೆ. ಪೂರ್ತಿ ಕಾಲು ಮುಚ್ಚುವ ಪ್ಯಾಂಟು, ಬೂಟು, ನೀರು, ಒಂದು ಚಿಕ್ಕ ಭೂತಗನ್ನಡಿ ಸಾಕು. ಪಾಡಾಗಳಲ್ಲಿ ಜನ ವಾಸವಿದ್ದಾರೆ, ಕೇಳದೆ ಅಂಗಳಕ್ಕೆ ನುಗ್ಗಿ ಫೋಟೋ ತೆಗೆಯಬೇಡಿ. ಜೇಡವನ್ನು ಬರಿಗೈಯಲ್ಲಿ ಹಿಡಿಯುವ ಅಗತ್ಯವಿಲ್ಲ. ಬಹುತೇಕ ಎಲ್ಲ ಜೇಡಗಳಿಗೂ ವಿಷವಿದೆ, ಮನುಷ್ಯರಿಗೆ ಅಪಾಯ ಮಾಡುವವು ತೀರ ಕೆಲವು. ಆದರೂ ಕೈಗೆ ಸಿಕ್ಕ ಯಾವ ಪ್ರಾಣಿಯೂ ಕಚ್ಚದೆ ಬಿಡಬೇಕೆಂಬ ನಿಯಮವಿಲ್ಲ.

ಪುಣೆಯವರಿಗೆ ವೇತಾಳ ಟೇಕಡಿ ಇದೆ, ಚೆನ್ನೈಯವರಿಗೆ ಗಿಂಡಿ, ಹೈದರಾಬಾದಿನವರಿಗೆ ಕೆಬಿಆರ್ ಪಾರ್ಕ್, ದೆಹಲಿಯವರಿಗೆ ಅರಾವಳಿಯ ಜೀವವೈವಿಧ್ಯ ಉದ್ಯಾನ. ಅಷ್ಟು ದೂರವೂ ಬೇಡ ಎನ್ನುವವರು ಇವತ್ತು ರಾತ್ರಿ ಊಟವಾದ ಮೇಲೆ ಮನೆಯ ಟ್ಯೂಬ್‌ಲೈಟಿನ ಹತ್ತಿರ ನೋಡಿ. ಬೆಳಕಿಗೆ ಬಂದ ಹುಳಗಳ ಪಕ್ಕದಲ್ಲಿ ಹೆಸರುಕಾಳಿನಷ್ಟು ದೊಡ್ಡ, ಕುಣಿದು ಕುಣಿದು ನಡೆಯುವ ಒಂದು ಬೂದು ಜೀವಿ ಇದ್ದರೆ ಬೆರಳನ್ನು ಒಂದು ಅಡಿ ದೂರದಲ್ಲಿ ಎಡಕ್ಕೆ ಬಲಕ್ಕೆ ಆಡಿಸಿ. ಅದು ಮೈ ತಿರುಗಿಸಿ ನಿಮ್ಮನ್ನೇ ನೋಡುತ್ತದೆ. ಮುಂದಿನ ಎರಡು ದೊಡ್ಡ ಕಣ್ಣು, ಪಕ್ಕಕ್ಕೆ ಎರಡು ಚಿಕ್ಕವು, ಉಳಿದ ನಾಲ್ಕು ತಲೆಯ ಮೇಲೆ ಹಿಂದಕ್ಕೆ. ಕಾಲು ನೀವೇ ಎಣಿಸಿಕೊಳ್ಳಿ. ನಿಮ್ಮೂರಿನಲ್ಲಿ ಅದಕ್ಕೆ ಬೇರೆ ಹೆಸರಿದ್ದರೆ ನಮಗೂ ಬರೆದು ತಿಳಿಸಿ. ಮಗಳು ಒಂದು ನೋಟ್‌ಬುಕ್ಕಿನಲ್ಲಿ ಬರೆದಿಡುತ್ತಿದ್ದಾಳೆ, ಈವರೆಗೆ ಏಳು ಹೆಸರಾಗಿವೆ.